ಗೂಡಿನ ಸುತ್ತ ನಾಲ್ಕು ಕಲ್ಲು

ಮೊನ್ನೆ ಕೆರೆಯಂಗಳಕ್ಕೆ ಹುಲ್ಲು ಕುಯ್ಯಲು ಇಳಿದಾಗ ಹಸಿ ಜೊಂಡಿನ ವಾಸನೆ ಗಪ್ಪೆಂದು ಮೂಗಿಗೆ ಬಡಿಯಿತು. ಕೆಸರು, ಮೀನು, ಬಿಸಿಲಿಗೆ ಬಾಡಿದ ಹುಲ್ಲು ಎಲ್ಲ ಸೇರಿದ ವಾಸನೆ. ಅದು ಮೂಗಿಗೆ ಬಂದರೆ ಸಾಕು, ಮೂರು ವರ್ಷದ ಹಿಂದಿನ ಆ ಬೇಸಿಗೆ ನೆನಪಾಗಿ ಹೊಟ್ಟೆಯಲ್ಲಿ ಹಳೆಯ ಉರಿ ಏಳುತ್ತದೆ. ಮುಚ್ಚುಮರೆ ಏಕೆ? ಆ ವರ್ಷ ನನ್ನ ಓರಗಿತ್ತಿ ಮಲರ್ ಮೇಲೆ ಪಟ್ಟಷ್ಟು ಹೊಟ್ಟೆಕಿಚ್ಚನ್ನು ನಾನು ಈ ಜನ್ಮದಲ್ಲಿ ಇನ್ಯಾರ ಮೇಲೂ ಪಟ್ಟಿಲ್ಲ.

ನಮ್ಮದು ಬೂದಿಕೋಟೆ ಕಡೆಯ ಹಳ್ಳಿ. ನಾನು ಹುಟ್ಟಿದ್ದು ಅಲ್ಲೇ, ಮದುವೆಯಾಗಿ ಬಂದದ್ದು ಪಕ್ಕದ ಬೀದಿಗೆ. ನಾಲ್ಕು ಹಸು ಕಟ್ಟಿದ್ದೇವೆ. ಬೆಳಗ್ಗೆ ಸಂಜೆ ಹಾಲಿನ ಡೈರಿಯಲ್ಲಿ ಕೂತು ಹಾಲು ಅಳೆದು ಬರೆದುಕೊಳ್ಳುವುದು ನನ್ನ ಕೆಲಸ, ಆದ್ದರಿಂದ ಅಕ್ಷರ ನನಗೆ ಹೊಸತಲ್ಲ. ಕೆರೆಯಂತೂ ನನಗೆ ಅಂಗೈ ಇದ್ದ ಹಾಗೆ. ನಾನು ಚಿಕ್ಕವಳಿದ್ದಾಗ ಅದು ವರ್ಷದಲ್ಲಿ ಮುಕ್ಕಾಲು ಪಾಲು ಬಟಾಬಯಲು, ನಾವು ಅದರಲ್ಲಿ ಕುಂಟೆಬಿಲ್ಲೆ ಆಡುತ್ತಿದ್ದೆವು. ಸರ್ಕಾರದವರು ಪೈಪಿನಲ್ಲಿ ನೀರು ತಂದು ತುಂಬಿಸತೊಡಗಿದ ಮೇಲೆ ಕೆರೆ ಬತ್ತುವುದನ್ನೇ ಮರೆಯಿತು. ನೀರು ನಿಂತ ಮೇಲೆ ಜೊಂಡು, ಜೊಂಡು ಬೆಳೆದ ಮೇಲೆ ಹಕ್ಕಿ. ಯಾವ ಹಕ್ಕಿ ಯಾವ ತಿಂಗಳು ಬರುತ್ತದೆ, ಯಾವುದು ಎಲ್ಲಿ ಮಲಗುತ್ತದೆ, ನರಿ ಯಾವ ದಾರಿಯಲ್ಲಿ ನೀರಿಗೆ ಇಳಿಯುತ್ತದೆ, ಉಡ ಯಾವ ಬಿಲದಲ್ಲಿದೆ, ಇದೆಲ್ಲ ಯಾರೂ ಕಲಿಸದೆ ಹುಲ್ಲು ಕುಯ್ಯುತ್ತಾ ಕುಯ್ಯುತ್ತಾ ನಾನೇ ಕಲಿತದ್ದು.

ಮಲರ್ ನನ್ನ ಮೈದುನನ ಹೆಂಡತಿ. ಅವನು ಕೆಜಿಎಫ್‌ನ ಗ್ಯಾರೇಜಿಗೆ ದಿನಾ ಕೆಲಸಕ್ಕೆ ಹೋಗಿ ಬರುವವನು, ಅಲ್ಲೇ ಮೆಚ್ಚಿ ಮದುವೆಯಾಗಿ ಕರೆತಂದ. ಅವಳು ಅಲ್ಲಿನ ಮೈಸೂರು ಮೈನ್ಸ್ ಚಿನ್ನದ ಗಣಿಯ ಲೈನ್ ಮನೆಯಲ್ಲಿ ಬೆಳೆದವಳು. ಮನೆಯಲ್ಲಿ ತಮಿಳು, ಓದಿದ್ದು ಇಂಗ್ಲಿಷ್ ಶಾಲೆ. ಬಂದ ಹೊಸದರಲ್ಲಿ ಬೆಳ್ಳಕ್ಕಿಗೂ ಕೊಕ್ಕರೆಗೂ ವ್ಯತ್ಯಾಸ ಗೊತ್ತಿರಲಿಲ್ಲ. “ನಮ್ ಮನೆ ಇಂದೆ ಸೈನೈಡ್ ಮಣ್ಣಿನ ದಿಬ್ಬ ಅಕ್ಕ. ಅದ್ರ ಮೇಲೆ ಒಂದ್ ಗರಿಕೆ ಕೂಡ ಬರಲ್ಲ,” ಎನ್ನುತ್ತಿದ್ದಳು. ಕುಡುಗೋಲು ಹಿಡಿಯುವುದನ್ನೂ ನಾನೇ ಹೇಳಿಕೊಟ್ಟೆ. ಮೊದಲ ವಾರದಲ್ಲೇ ಬೆರಳು ಕುಯ್ದುಕೊಂಡು ಅತ್ತಳು, ಗಾಯಕ್ಕೆ ಸೊಪ್ಪು ಹಿಂಡಿ ಕಟ್ಟಿದವಳೂ ನಾನೇ.

ಮದುವೆಯಾಗಿ ಬಂದ ವರ್ಷವೇ ಒಂದು ದಿನ ಹುಲ್ಲು ಕುಯ್ಯುವಾಗ ಅವಳು “ಅಕ್ಕಾ, ಮೊಟ್ಟೆ!” ಎಂದು ಕೂಗಿ ಬೆರಳು ಚಾಚಿದಳು. ಗರಸು ನೆಲದ ಮೇಲೆ, ಗರಸಿನದೇ ಬಣ್ಣದ ನಾಲ್ಕು ಮೊಟ್ಟೆ. ಟಿಟ್ಟಿಭದ ಗೂಡು. ಗೂಡೇನು ಬಂತು, ಬರೀ ನೆಲದಲ್ಲಿ ಒಂದು ತಗ್ಗು. ನಾನು ಅವಳ ಕೈಗೆ ಪಟ್ಟನೆ ಒಂದು ಹೊಡೆದೆ.

“ಬೆರಳ್ ತೋರಿಸ್ಬ್ಯಾಡ ಕಣೇ! ಎಳೇ ಕುಂಬಳಕಾಯಿಗೆ ಬೆರಳ್ ತೋರಿಸಿದ್ರೆ ಕೊಳ್ತೋಗಲ್ವಾ? ಗೂಡೂ ಅಂಗೇ. ತೋರಿಸ್ಲೇಬೇಕು ಅಂದ್ರೆ ಇಂಗೆ ಬೆರಳ್ ಮಡಚ್ಕೊಂಡು ತೋರ್ಸು.”

ಆಮೇಲೆ ನಾಲ್ಕು ಕಲ್ಲು ಆರಿಸಿ ತಂದು ಗೂಡಿನ ಸುತ್ತ, ಒಂದೊಂದು ಮೊಳ ದೂರಕ್ಕೆ ಒಂದೊಂದು ಇಟ್ಟೆ. ಅದು ನಮ್ಮ ಹುಲ್ಲು ಕುಯ್ಯುವ ಹೆಂಗಸರ ರೂಢಿ. ನಾಲ್ಕು ಕಲ್ಲು ಕಂಡರೆ ಕುಡುಗೋಲು ಅತ್ತ ಹೋಗುವುದಿಲ್ಲ, ದನವನ್ನು ಅತ್ತ ಬಿಡುವುದಿಲ್ಲ.

“ನಮಗೆ ಗೊತ್ತಾದ್ರೆ ಸಾಕು,” ಎಂದೆ. “ಬ್ಯಾರೆಯೋರು ಯಾರಾದ್ರೂ ಕೇಳಿದ್ರೆ ಗೊತ್ತಿಲ್ಲ ಅನ್ಬೇಕು. ಮನುಷ್ಯರು ಬಗ್ಗಿ ನೋಡಿದ್ ಕಡೆ ಕಾಗೆ ಕಣ್ಣಿಟ್ಟಿರ್ತದೆ.”

ಅವಳು ಗಂಭೀರವಾಗಿ ಬೆರಳು ಮಡಚಿ ಅಭ್ಯಾಸ ಮಾಡಿದಳು. ನನಗೆ ನಗು ಬಂತು. ಆಗ ಅವಳ ಮೇಲೆ ಪ್ರೀತಿಯೇ ಇತ್ತು, ಸುಳ್ಳೇಕೆ ಹೇಳಲಿ.

ಎರಡು ವರ್ಷ ಕಳೆಯಿತು. ಕೆರೆಗೆ ಒಂದು ಬದಿ ಬೇಲಿ ಬಿತ್ತು, ಏರಿಯ ಮೇಲೆ ಕಲ್ಲುಬೆಂಚು ಬಂತು, ಹಕ್ಕಿಗಳ ಬಣ್ಣದ ಚಿತ್ರದ ಬೋರ್ಡುಗಳು ಬಂದವು, ಎತ್ತರಕ್ಕೆ ನಿಂತು ನೋಡಲು ಒಂದು ಅಟ್ಟಣೆ ಎದ್ದಿತು. ಜನ ಅದನ್ನು ಪಾರ್ಕು ಎನ್ನತೊಡಗಿದರು. ಶಿವರಾತ್ರಿ ಕಳೆದ ಮೇಲೆ ಬೆಂಗಳೂರಿನಿಂದ ಒಬ್ಬರು ಬಂದರು. ಬೆಳಗಿನಿಂದ ಸಂಜೆಯವರೆಗೆ ಜನರನ್ನು ಸುತ್ತಾಡಿಸಿ ಹಕ್ಕಿ, ಪ್ರಾಣಿ ತೋರಿಸುವ ಸಫಾರಿ ಮಾಡುತ್ತಾರಂತೆ, ಅದಕ್ಕೆ ಊರಿನವರೇ ಒಬ್ಬರು ಗೈಡು ಬೇಕಂತೆ. ಡೈರಿ ಮುಂದೆ ನಿಂತು, “ಕೆರೆ ಬಗ್ಗೆ ಚೆನ್ನಾಗಿ ಗೊತ್ತಿರೋರು ಯಾರು?” ಎಂದು ಕೇಳಿದರು. ಹಾಲು ಹಾಕಲು ಬಂದವರೆಲ್ಲ ಒಂದೇ ಬಾಯಲ್ಲಿ, “ನಮ್ ಪದ್ದಕ್ಕ!” ಎಂದರು. ನಾನು ಸೆರಗು ಸರಿಮಾಡಿಕೊಂಡು ಎದ್ದು ನಿಂತೆ.

ಆತ ನನಗೆ ಕೈಮುಗಿದು, ಬರುತ್ತದೋ ಇಲ್ಲವೋ ನೋಡಲೆಂದೇ ಇರಬೇಕು, ಇಂಗ್ಲಿಷಿನಲ್ಲಿ ಏನೋ ಕೇಳಿದರು. ನಾನು ನಕ್ಕೆ. ಮತ್ತೊಮ್ಮೆ ಕೇಳಿದರು. ಮತ್ತೊಮ್ಮೆ ನಕ್ಕೆ. ಅಷ್ಟರಲ್ಲಿ ನನ್ನ ಬೆನ್ನ ಹಿಂದೆ ಹಾಲಿನ ಕ್ಯಾನು ಹಿಡಿದು ನಿಂತಿದ್ದ ಮಲರ್ ಪಟಪಟನೆ ಉತ್ತರ ಕೊಟ್ಟಳು. ನನಗಾಗಿಯೇ ಕೊಟ್ಟಳೋ ಏನೋ. ಆದರೆ ಆತನ ಮುಖ ನನ್ನ ಮೇಲಿಂದ ಅವಳ ಮೇಲೆ ಹೋಯಿತು, ವಾಪಸು ಬರಲಿಲ್ಲ. ಕನ್ನಡ, ತೆಲುಗು, ತಮಿಳು, ಇಂಗ್ಲಿಷ್ ನಾಲ್ಕೂ ಬರುತ್ತದೆ ಎಂದು ಗೊತ್ತಾದ ಮೇಲೆ ಕೇಳಬೇಕೆ! ಹದಿನೈದು ದಿನದಲ್ಲಿ ಅವಳ ತಲೆ ಮೇಲೆ ಹಸಿರು ಟೋಪಿ, ಕೊರಳಲ್ಲಿ ದುರ್ಬೀನು. ನನಗೆ ಏನು ಸಿಕ್ಕಿತು ಗೊತ್ತೇ? ಬಂದವರಿಗೆ ಮುದ್ದೆ ಊಟ ಮಾಡಿ ಬಡಿಸುವ ಕೆಲಸ.

ಆ ಟೋಪಿ ಮನೆಗೆ ಬಂದ ದಿನ ಅತ್ತೆ ಅದನ್ನು ದೇವರ ಮುಂದೆ ಇಟ್ಟು ಕುಂಕುಮ ಹಚ್ಚಿದರು. ನನಗೆ ಮೈಯೆಲ್ಲ ಉರಿದುಹೋಯಿತು. ಮಲರ್ ದುರ್ಬೀನನ್ನು ನನ್ನ ಕೈಗೆ ಕೊಟ್ಟು, “ನೀವೇ ಫಸ್ಟು ನೋಡಿ ಅಕ್ಕ,” ಎಂದಳು. “ನನ್ ಕಣ್ಣು ಚೆನ್ನಾಗೇ ಅವೆ,” ಎಂದು ಎದ್ದು ಕೊಟ್ಟಿಗೆಗೆ ಹೋದೆ. ಅಂದಿನಿಂದ ಒದೆಯುವ ಹಸುವಿನ ಹಾಲು ಕರೆಯುವ ಕೆಲಸ ಅವಳಿಗೇ ಹಚ್ಚಿದೆ. “ಗೈಡಮ್ಮೋರೇ, ಸಗಣಿ ಎತ್ತೋಕೂ ಟೋಪಿ ಆಕ್ಕೊಂತೀರಾ?” ಎಂದು ನಾಲ್ಕು ಜನರ ಮುಂದೆ ಕೊಂಕು ಮಾತಾಡಿದೆ. ಅವಳು ನಕ್ಕುಬಿಡುತ್ತಿದ್ದಳು. ನಗುವವರ ಮೇಲೆ ಸಿಟ್ಟು ತೀರಿಸಿಕೊಳ್ಳುವುದು ಬಹಳ ಕಷ್ಟ.

ಅವಳಿಗೆ ಮೊದಲಿನ ಹಾಗೆ ಬಂದು ಕೇಳುವ ಅಭ್ಯಾಸ. “ಅಕ್ಕಾ, ಆ ಪಟ್ಟೆತಲೆ ಬಾತು ಯಾವಾಗ ವಾಪಸ್ ಓಗ್ತವೆ?” ನಾನು ಒಲೆ ಊದುತ್ತಾ, “ನಿನ್ ಬೋರ್ಡಲ್ಲಿ ಬರ್ದಿರ್ಬೇಕಲ್ಲ, ಓದ್ಕೋ,” ಎನ್ನುತ್ತಿದ್ದೆ.

ಇಡೀ ದಿನದ ಮೊದಲ ಸಫಾರಿ ಯುಗಾದಿಗೆ ಸ್ವಲ್ಪ ಮುಂಚೆ ನಡೆಯಿತು. ಹನ್ನೆರಡು ಜನ, ಬಂಗಾರಪೇಟೆ ಸ್ಟೇಷನ್ನಿನಿಂದ ವ್ಯಾನಿನಲ್ಲಿ ಬೆಳಕು ಹರಿಯುವ ಹೊತ್ತಿಗೆ ಬಂದಿಳಿದರು. ಡೈರಿಗೆ ನನ್ನ ಗಂಡನನ್ನು ಕೂರಿಸಿ ನಾನು ಉಪ್ಪಿಟ್ಟಿನ ಪಾತ್ರೆ ಹೊತ್ತು ಅವರ ಹಿಂದೆ ನಡೆದೆ. ನೀರಿನ ಮೇಲೆ ಮಂಜು ಇನ್ನೂ ಇತ್ತು. ಬಣ್ಣದ ಕೊಕ್ಕರೆಗಳು ಒಂಟಿಕಾಲಲ್ಲಿ ನಿಂತಿದ್ದವು, ನಾಮದ ಕೋಳಿಗಳು ಕೊಳಕೊಳ ಎನ್ನುತ್ತಾ ಜೊಂಡಿನಿಂದ ಹೊರಟಿದ್ದವು. ಮಲರ್ ಮುಂದೆ ನಿಂತು ಮಾತು ಶುರು ಮಾಡಿದಳು. ಒಮ್ಮೆ ಇಂಗ್ಲಿಷಿನಲ್ಲಿ, ಒಮ್ಮೆ ಕನ್ನಡದಲ್ಲಿ.

“ನೀರುಕಾಗೆ ರೆಕ್ಕೆ ಬಿಚ್ಕೊಂಡು ಯಾಕೆ ಕೂರುತ್ತೆ ಗೊತ್ತಾ ಸಾರ್? ಒಗೆದ ಬಟ್ಟೆ ಒಣಗ್ಸಿದಂಗೆ.”

ಅದು ನನ್ನ ಮಾತು! ಆ ಬಟ್ಟೆ ಒಣಗಿಸುವ ಹೋಲಿಕೆ ನಾನು ಅವಳಿಗೆ ಹೇಳಿದ್ದು. ಏರಿಯ ಉದ್ದಕ್ಕೂ ನನ್ನ ಮಾತುಗಳೇ ಅವಳ ಬಾಯಿಂದ ಬಂದವು. ನರಿಯ ಹೆಜ್ಜೆಗೂ ನಾಯಿಯ ಹೆಜ್ಜೆಗೂ ಇರುವ ವ್ಯತ್ಯಾಸ, ಮಿಂಚುಳ್ಳಿಯ ಬಿಲದ ಬಾಯಲ್ಲಿ ಬಿದ್ದ ಮೀನಿನ ಮುಳ್ಳು, ಉಡ ಬಿಸಿಲು ಕಾಯಿಸಿಕೊಳ್ಳುವ ಬಂಡೆ. ಒಬ್ಬೊಬ್ಬರೂ ಬಾಯಿ ಬಿಟ್ಟುಕೊಂಡು ಕೇಳುತ್ತಿದ್ದರು, ಪುಸ್ತಕದಲ್ಲಿ ಬರೆದುಕೊಳ್ಳುತ್ತಿದ್ದರು. ನಾನು ಹಿಂದೆ ನಿಂತು ಉಪ್ಪಿಟ್ಟು ಹಂಚಿದೆ. “ಆಂಟಿ, ಇನ್ನೂ ಸ್ವಲ್ಪ ಚಟ್ನಿ,” ಎಂದಳು ಒಬ್ಬಳು ಹುಡುಗಿ, ನನ್ನ ಮುಖ ಕೂಡ ನೋಡದೆ. ನನ್ನ ಕೆರೆಯಲ್ಲಿ ನಾನು ಚಟ್ನಿ ಆಂಟಿ!

ಮಧ್ಯಾಹ್ನ ಹೊಂಗೆಮರದ ಕೆಳಗೆ ಊಟ. ಮುದ್ದೆ, ಹುರುಳಿಕಾಳಿನ ಬಸ್ಸಾರು, ಈರುಳ್ಳಿ. ತಿಂದು ಹೊಗಳಿದರು. ಬೇರೆ ದಿನವಾಗಿದ್ದರೆ ಉಬ್ಬಿಹೋಗುತ್ತಿದ್ದೆನೋ ಏನೋ, ಅವತ್ತು ಹೊಗಳಿಕೆಯೂ ರುಚಿಸಲಿಲ್ಲ. ಊಟದ ಮೇಲೆ ಆಚೆ ದಡಕ್ಕೆ ಹೊರಟರು. ತೂಬಿನ ಹತ್ತಿರದ ನೇರ ದಾರಿ ಬಿಟ್ಟು ಮಲರ್ ಅವರನ್ನು ಬೇಲಿಯ ಹೊರಗಿನಿಂದ ಸುತ್ತುಬಳಸಿ ಕರೆದೊಯ್ದಳು. ದಾರಿಯೂ ಸರಿಯಾಗಿ ಗೊತ್ತಿಲ್ಲ ಇವಳಿಗೆ ಎಂದುಕೊಂಡೆ.

ಸಂಜೆ ನಾಲ್ಕರ ಹೊತ್ತಿಗೆ ವಾಪಸು ಬರುವಾಗ ಟಿಟ್ಟಿಭವೊಂದು ನಮ್ಮ ತಲೆಯ ಮೇಲೆ ಕಿರುಚುತ್ತಾ ಸುತ್ತತೊಡಗಿತು. ಉದ್ದ ಕ್ಯಾಮೆರಾ ಹೊತ್ತಿದ್ದ ದಪ್ಪ ಮನುಷ್ಯರೊಬ್ಬರು ಬೆಳಗಿನಿಂದ ಏನೋ ಸಾಲದು ಎಂಬ ಮುಖದಲ್ಲಿದ್ದರು. ಅವರು ಮಲರ್‌ಳನ್ನು ಕೇಳಿದರು. “ಇಷ್ಟು ಕೂಗ್ತಿದೆ ಅಂದ್ರೆ ಇಲ್ಲೇ ಎಲ್ಲೋ ಗೂಡು ಇರ್ಬೇಕಲ್ಲಮ್ಮ. ನಾನು ಬಂದಿದ್ದೇ ಟಿಟ್ಟಿಭದ ಮೊಟ್ಟೆ ಫೋಟೋಗೆ.”

“ಈ ವರ್ಷ ಎಲ್ಲೂ ಕಾಣ್ಲಿಲ್ಲ ಸಾರ್,” ಎಂದಳು ಮಲರ್. “ನಂಗೆ ಗೊತ್ತಿಲ್ಲ.”

ಗೊತ್ತಿಲ್ಲ! ಆ ಒಂದು ಮಾತು ಕೇಳಿ ನನ್ನ ಎದೆಯಲ್ಲಿ ಹಬ್ಬವೇ ಆಯಿತು. ಇಡೀ ದಿನ ಎಲ್ಲ ಗೊತ್ತಿದ್ದವಳಿಗೆ ಇದು ಗೊತ್ತಿಲ್ಲ. ನಾನು ಆ ಗೂಡನ್ನು ನೋಡಿರಲಿಲ್ಲ, ಆದರೆ ಹಕ್ಕಿಯ ಕೂಗು ಕೇಳಿದರೆ ಸಾಕಲ್ಲ. ತೂಬಿನ ಕಡೆ ಹೆಜ್ಜೆ ಇಟ್ಟಾಗ ಅದರ ಕೂಗು ಏರುತ್ತಿತ್ತು, ಈ ಕಡೆ ತಿರುಗಿದರೆ ಇಳಿಯುತ್ತಿತ್ತು. ನಾನು ಪಾತ್ರೆಯನ್ನು ಧೊಪ್ಪೆಂದು ಕೆಳಗಿಟ್ಟೆ.

“ಗೂಡು ನೋಡ್ಬೇಕಾ ಸಾರ್? ಬನ್ನಿ ನನ್ ಇಂದೆ.”

ಹನ್ನೆರಡು ಮುಖವೂ ನನ್ನ ಕಡೆ ತಿರುಗಿದವು. ಮಲರ್ ನನ್ನನ್ನೇ ನೋಡಿ ಬೇಡ ಎಂಬಂತೆ ಒಂದಿಷ್ಟೇ ತಲೆಯಾಡಿಸಿದಳು. ನೋಡು, ಈಗ ಇವಳಿಗೆ ಉರಿಯುತ್ತಿದೆ ಎಂದುಕೊಂಡೆ. ನಾನು ಬಿರಬಿರನೆ ನಡೆದೆ, ಎಲ್ಲರೂ ನನ್ನ ಹಿಂದೆ. ಅಟ್ಟಣೆ ದಾಟಿ, ತೂಬು ದಾಟಿ, ಗರಸು ನೆಲ. ಹಕ್ಕಿ ತಲೆಗೆ ಕುಕ್ಕುವಷ್ಟು ಕೆಳಗೆ ಎರಗುತ್ತಿತ್ತು. ಮೊಟ್ಟೆ ಕಂಡ ತಕ್ಷಣ ಕೈ ಉದ್ದಕ್ಕೆ ಚಾಚಿ, ಬೆರಳು ನೆಟ್ಟಗೆ ಮಾಡಿ ತೋರಿಸಿದೆ.

“ಅಕೋ ಅಲ್ಲಿ! ನಾಕು!”

ಬೆರಳು ಇನ್ನೂ ಚಾಚಿದ್ದಂತೆಯೇ ನನಗೆ ಕಲ್ಲುಗಳು ಕಂಡವು. ಗೂಡಿನ ಸುತ್ತ, ಒಂದೊಂದು ಮೊಳ ದೂರಕ್ಕೆ, ನಾಲ್ಕು ಕಲ್ಲು. ನೀರಿನ ಅಂಚಿನಿಂದ ಎತ್ತಿ ತಂದವು, ಮೈಗೆ ಅಂಟಿದ ಕೆಸರು ಒಣಗಿತ್ತಷ್ಟೆ. ನಾನು ಇಟ್ಟದ್ದಲ್ಲ. ಆ ಬೇಸಿಗೆಯಲ್ಲಿ ಆ ಕಡೆ ಹುಲ್ಲಿಗೆ ಹೋಗುತ್ತಿದ್ದದ್ದು ನಾನು, ಮಲರ್ ಇಬ್ಬರೇ.

ಚಾಚಿದ ಕೈ ಇಳಿಸಿದೆ. ಆದರೆ ಅಷ್ಟಕ್ಕೇ ಬಾಯಿ ಮುಚ್ಚಿಕೊಂಡೆನೆಂದರೆ ಸುಳ್ಳಾಗುತ್ತದೆ. ದಪ್ಪ ಮನುಷ್ಯರು ಮೊಣಕಾಲೂರಿ ಫೋಟೋ ತೆಗೆಯುತ್ತಾ, “ಅಮ್ಮ, ನಿಜವಾದ ಗೈಡ್ ಅಂದ್ರೆ ನೀವೇ!” ಎಂದರು. ಉಳಿದವರು ಚಪ್ಪಾಳೆ ತಟ್ಟಿದರು. ಚಟ್ನಿ ಕೇಳಿದ ಹುಡುಗಿ ನನ್ನ ಹೆಗಲ ಮೇಲೆ ಕೈಹಾಕಿ ಸೆಲ್ಫಿ ತೆಗೆದುಕೊಂಡಳು. ಕಲ್ಲುಗಳನ್ನು ನೋಡಿದ ಮೇಲೂ ನಾನು ನಕ್ಕೆ, ಹಲ್ಲು ಕಾಣುವಂತೆ ನಕ್ಕೆ. ಬೆಳಗಿನಿಂದ ಹಸಿದವಳಿಗೆ ಆ ಹೊಗಳಿಕೆ ಅಷ್ಟು ರುಚಿಯಾಗಿತ್ತು.

ಮಲರ್ ಮಾತ್ರ, “ಸಾಕು ಸಾರ್, ಬನ್ನಿ. ಪಾಪ, ಅದು ಗೂಡಿಗೆ ಬರ್ಬೇಕು,” ಎಂದು ಒಬ್ಬೊಬ್ಬರನ್ನೇ ಬೇಡುತ್ತಿದ್ದಳು. ಯಾರೂ ಏಳಲಿಲ್ಲ. ಅರ್ಧ ಗಂಟೆ ಅಲ್ಲೇ ಕೂತರು. ಹಕ್ಕಿಗಳೆರಡೂ ಅರಚಿ ಅರಚಿ ಗಂಟಲು ಹರಿದುಕೊಂಡವು. ಬಣ್ಣದ ಬೋರ್ಡಿನ ಮೇಲೆ ಎರಡು ಕಾಗೆ ಬಂದು ಕುಳಿತದ್ದನ್ನು ನಾನು ನೋಡಿದೆ. ಮಲರ್ ಕೂಡ ನೋಡಿದಳು.

ಮರುದಿನ ಬೆಳಗ್ಗೆ ಡೈರಿ ಕೆಲಸ ಮುಗಿದ ಕೂಡಲೇ ತೂಬಿನ ಕಡೆ ಹೋದೆ. ಮಲರ್ ಆಗಲೇ ಅಲ್ಲಿ ಕುಕ್ಕರಗಾಲಲ್ಲಿ ಕುಳಿತಿದ್ದಳು, ಟೋಪಿ ಇರಲಿಲ್ಲ. ತಗ್ಗಿನಲ್ಲಿ ಮೊಟ್ಟೆಯ ಚೂರು ಎರಡು, ಒಂದಿಷ್ಟು ಅಂಟು. ಅಷ್ಟೆ.

“ನೀ ಮೊದ್ಲೇ ನೋಡಿದ್ಯಾ?” ಎಂದು ಕೇಳಿದೆ.

“ಊಂ ಅಕ್ಕ. ಎಂಟು ದಿನ ಆಯ್ತು.”

“ಮತ್ತೆ ಗೊತ್ತಿಲ್ಲ ಅಂದಿದ್ದು?”

ಅವಳು ತಲೆಯೆತ್ತಿದಳು. ಕಣ್ಣು ಕೆಂಪಗಿತ್ತು. “ನೀವೇ ಅಲ್ವಾ ಅಕ್ಕ, ಅಂಗನ್ಬೇಕು ಅಂತ ಏಳ್ಕೊಟ್ಟಿದ್ದು?”

ಎದ್ದಳು. ನಾಲ್ಕು ಕಲ್ಲನ್ನೂ ಒಂದೊಂದಾಗಿ ಎತ್ತಿ ಮಡಿಲಲ್ಲಿ ಹಾಕಿಕೊಂಡು ಹೋಗಿ ಏರಿಯ ಬುಡದಲ್ಲಿ ಇಟ್ಟುಬಂದಳು. ಬೈದಿದ್ದರೆ ಚೆನ್ನಾಗಿತ್ತು. ನಾಲ್ಕು ಜನರ ಮುಂದೆ ಜಗಳವಾಡಿದ್ದರೆ ನಾನೂ ತಿರುಗಿ ಎರಡು ಮಾತಾಡಿ ಹಗುರವಾಗುತ್ತಿದ್ದೆ. ಅವಳು ಮನೆಗೆ ಬಂದು, ಸಂಜೆ ಎಂದಿನಂತೆ ಒದೆಯುವ ಹಸುವನ್ನು ಕರೆಯಲು ಕೂತಳು.

ಸಂಕಟವಾಯಿತು, ಇಲ್ಲವೆನ್ನುವುದಿಲ್ಲ. ಎರಡು ದಿನ ಅನ್ನ ಸೇರಲಿಲ್ಲ. ಆದರೆ ಆ ಸಂಕಟದ ಬುಡದಲ್ಲೂ ಹೊಟ್ಟೆಕಿಚ್ಚೇ ಇತ್ತು, ಮೊದಲಿಗಿಂತ ಜೋರಾಗಿ. ಮೊದಲು ಅವಳ ಟೋಪಿ, ದುರ್ಬೀನು, ಇಂಗ್ಲಿಷ್ ನೋಡಿ ಉರಿಯುತ್ತಿತ್ತು. ಈಗ ನೋಡಿದರೆ ನನ್ನ ಮಾತನ್ನೂ ಅವಳೇ ನನಗಿಂತ ಚೆನ್ನಾಗಿ ಇಟ್ಟುಕೊಂಡಿದ್ದಳು. ಹೇಳಿಕೊಟ್ಟವಳು ನಾನು, ಉಳಿಸಿಕೊಂಡವಳು ಅವಳು. ಇದಕ್ಕೆ ಯಾರ ಹತ್ತಿರ ಹೋಗಿ ದೂರು ಹೇಳಲಿ?

ಆ ಜೋಡಿ ಹಕ್ಕಿ ನಾಲ್ಕೈದು ದಿನ ಆ ಜಾಗದ ಮೇಲೆ ಸುತ್ತಿ ಎತ್ತಲೋ ಹೋದವು. ಮುಂದಿನ ಸಫಾರಿಗೆ ಬಂದವರು, “ಗೂಡು ತೋರಿಸೋ ಅಮ್ಮ ಎಲ್ಲಿ?” ಎಂದು ಕೇಳಿದರಂತೆ. ನಾನು ಜ್ವರ ಎಂದು ಹೇಳಿಕಳಿಸಿ ಕೊಟ್ಟಿಗೆಯಲ್ಲಿ ಕೂತಿದ್ದೆ. ಅಡುಗೆ ಮಾಡಿ ಕಳಿಸಿದೆ, ಹೋಗಲಿಲ್ಲ. ಬೇಸಿಗೆ ಪೂರ್ತಿ ತೂಬಿನ ಕಡೆಯ ಹುಲ್ಲು ಎದೆಯುದ್ದ ಬೆಳೆದರೂ ಕುಡುಗೋಲು ಹಾಕಲಿಲ್ಲ. ಮುಂಗಾರಿನ ಮೊದಲ ಮಳೆಗೆ ನೀರು ಏರಿ ಆ ಗರಸು ಮುಳುಗಿದಾಗ ನನಗೆ ಸಮಾಧಾನವಾಯಿತು. ಮಲರ್ ಜೊತೆ ಮಾತು ನಿಲ್ಲಲಿಲ್ಲ, ಒಂದೇ ಮನೆಯಲ್ಲಿ ಹೇಗೆ ನಿಲ್ಲುತ್ತದೆ? ಆದರೆ ಹಕ್ಕಿಯ ಮಾತು ನಿಂತಿತು. ಅವಳು ಕೇಳುವುದನ್ನು ಬಿಟ್ಟಳು. ಅವಳು ಕೇಳಲಿ ಎಂದು ನಾನು ಮೂರು ವರ್ಷ ಕಾದೆ.

ಮೊನ್ನೆ ಆ ಜೊಂಡಿನ ವಾಸನೆಯ ಹಿಂದೆಯೇ ತಲೆಯ ಮೇಲೆ ಕೂಗು ಕೇಳಿತು. ಕುಡುಗೋಲು ನಿಲ್ಲಿಸಿದೆ. ಹತ್ತು ಹೆಜ್ಜೆ ಆಚೆ, ಗರಸಿನ ಮೇಲೆ, ನಾಲ್ಕು ಮೊಟ್ಟೆ. ನಾನು ಕಲ್ಲು ಹುಡುಕಿ ತಂದು ಸುತ್ತ ಇಟ್ಟು, ಬೇರೆ ಕಡೆ ಹೋಗಿ ಹುಲ್ಲು ಕುಯ್ಯುತ್ತಾ ಕೂತೆ. ಆಗಲೇ ಏರಿಯ ಮೇಲೆ ಹಸಿರು ಟೋಪಿ ಕಂಡಿತು. ಮಲರ್, ಅವಳ ಹಿಂದೆ ಇಪ್ಪತ್ತು ಜನ. ಟಿಟ್ಟಿಭ ಅರಚುತ್ತಲೇ ಇತ್ತು. ಕನ್ನಡಕದ ಹೆಂಗಸೊಬ್ಬರು ಕೇಳುವುದು ನನಗೆ ಸ್ಪಷ್ಟವಾಗಿ ಕೇಳಿಸಿತು. “ಗೂಡು ಎಲ್ಲಿದೆ ಮಲರ್? ಪ್ಲೀಸ್, ತೋರಿಸಿ.”

ಮಲರ್ ನನ್ನ ಕಡೆ ತಿರುಗಿದಳು.

“ನಂಗೆ ಗೊತ್ತಿಲ್ಲ ಮೇಡಂ. ನಮ್ ಅಕ್ಕನ್ನ ಕೇಳಿ. ಈ ಕೆರೆ ಬಗ್ಗೆ ನಂಗೆ ಕಲ್ಸಿದ್ದೆಲ್ಲ ಅವ್ರೇ. ನಾನು ಏನೇನ್ ಏಳಿದ್ನೋ, ಎಲ್ಲ ಅವ್ರ ಮಾತು.”

ಇಪ್ಪತ್ತು ಮುಖ ನನ್ನ ಕಡೆ ತಿರುಗಿದವು. ಕ್ಯಾಮೆರಾಗಳು ತಿರುಗಿದವು. ಆ ಒಂದು ಮಾತಿಗಾಗಿ ಆ ಬೇಸಿಗೆಯೆಲ್ಲ ನಾನು ಉರಿದಿದ್ದೆ. ಈಗ ಅದು ತಾನಾಗಿ ಬಂದು ನನ್ನ ಮಡಿಲಲ್ಲಿ ಬಿದ್ದಿತ್ತು. ನಾನು ಬಾಯಿ ಬಿಟ್ಟರೆ ಸಾಕು. ನಾಲಿಗೆ ತುದಿಗೆ ಬಂದದ್ದನ್ನು ಉಗುಳಿನ ಜೊತೆ ನುಂಗಿದೆ.

“ಈ ವರ್ಷ ಎಲ್ಲೂ ಕಾಣ್ಲಿಲ್ಲ ಮೇಡಂ,” ಎಂದೆ. “ನಂಗೂ ಗೊತ್ತಿಲ್ಲ.”

ಹಿಂದಿದ್ದ ಒಬ್ಬ ಪಕ್ಕದವನಿಗೆ ಇಂಗ್ಲಿಷಿನಲ್ಲಿ ಏನೋ ಹೇಳಿ ನಕ್ಕ. ಆ ನಗು ಅರ್ಥವಾಗಲು ಇಂಗ್ಲಿಷ್ ಬೇಕಿರಲಿಲ್ಲ. ಮುಖ ತಗ್ಗಿಸಿ ಹುಲ್ಲು ಕುಯ್ದೆ. ಮಲರ್ ಅವರನ್ನು ಬೇಲಿಯ ಹೊರಗಿನಿಂದ, ಸುತ್ತುಬಳಸಿನ ದಾರಿಯಲ್ಲಿ ಕರೆದುಕೊಂಡು ಹೋದಳು.

ಸಂಜೆ ಡೈರಿಗೆ ಹಾಲು ತಂದಳು. ಸಾಲಿನಲ್ಲಿ ಜನವಿತ್ತು. ಟೋಪಿ ಇನ್ನೂ ತಲೆಯ ಮೇಲೇ ಇತ್ತು, ಅದನ್ನು ನೋಡಿದರೆ ಈಗಲೂ ನನಗೆ ಒಂಚೂರು ಉರಿಯುತ್ತದೆ, ಏನು ಮಾಡಲಿ. ಕ್ಯಾನು ಮುಂದೆ ಇಟ್ಟು ಬಗ್ಗಿ, ನನಗೊಬ್ಬಳಿಗೇ ಕೇಳುವಂತೆ ಪಿಸುಗುಟ್ಟಿದಳು. “ಎಷ್ಟವೆ ಅಕ್ಕ?”

ನಾನು ಪೆನ್ನು ಕೆಳಗಿಟ್ಟು, ಮೇಜಿನ ಅಡಿಯಲ್ಲಿ ಅವಳಿಗೆ ಮಾತ್ರ ಕಾಣುವ ಹಾಗೆ ಕೈ ಚಾಚಿ, ನಾಲ್ಕು ಬೆರಳನ್ನೂ ಮಡಚಿ ತೋರಿಸಿದೆ.